ರುಚಿ ನೋಡದೆ ಮಾಡಿದ ಸೂಪು

ಹಾವೇರಿಯಲ್ಲಿ ಈಗ ಬುಟ್ಟಿ ಹಿಡಿದು ನಮಗೆ ಬೇಕಾದದ್ದನ್ನು ನಾವೇ ಆರಿಸಿಕೊಳ್ಳುವ ಅಂಗಡಿಗಳು ಬಂದಿವೆ. ಅಲ್ಲಿಗೆ ಹೋದಾಗ ನನಗೊಂದು ಚಟ. ಸಾಬೂನು, ಚಹಾಪುಡಿ ಎಲ್ಲ ಬಿಟ್ಟು ಮೊದಲು ಕಾಳುಬೇಳೆಯ ಸಾಲಿಗೆ ಹೋಗುತ್ತೇನೆ. ಹಸಿರು ಬಟಾಣಿ ಬೇಳೆಯ ಪಾಕೀಟು ಇದ್ದರೆ ಕೈಗೆತ್ತಿಕೊಂಡು ಅಲ್ಲಾಡಿಸಿ, ಅದರ ಸದ್ದು ಕೇಳಿ, ಮತ್ತೆ ಇದ್ದಲ್ಲಿಯೇ ಇಡುತ್ತೇನೆ. ಕೊಳ್ಳುವುದಿಲ್ಲ. ಅಂಗಡಿಯ ಹುಡುಗಿಗೆ ನನ್ನ ಮೇಲೆ ಗುಮಾನಿ ಬಂದು ಬಹಳ ದಿನವಾಯಿತು. ಮೊನ್ನೆ ಕೇಳಿಯೇಬಿಟ್ಟಳು:

"ಅಕ್ಕಾರ, ಅದಕ್ಕ ಹುಳ ಹಿಡದಿಲ್ರಿ. ಹೊಸಾ ಮಾಲು. ಯಾಕ ದಿನಾ ಅಳ್ಳಾಡಿಸಿ ನೋಡ್ತೀರಿ?"

"ಸುಮ್ಮನ ನೋಡಾಕತ್ತೇನಿ ತಂಗಿ" ಎಂದು ಸಾಬೂನಿನ ಕಡೆಗೆ ಸರಿದೆ. ಈ ಬೇಳೆಗಾಗಿ ಒಂದು ಕಾಲಕ್ಕೆ ನನ್ನ ತಂದೆ ರಾಣೇಬೆನ್ನೂರಿನ ಪೇಟೆಯನ್ನೆಲ್ಲ ಜಾಲಾಡಿದ್ದರು ಎಂದರೆ ಅವಳು ನಂಬುತ್ತಿದ್ದಳೇ? ನೀವು ನಂಬುತ್ತೀರಿ ಎಂಬ ಧೈರ್ಯದ ಮೇಲೆ ಹೇಳುತ್ತಿದ್ದೇನೆ.

ನಮ್ಮ ಅಬ್ಬಾ ಮಿಲಿಟರಿಯಲ್ಲಿದ್ದರು. ಹೀಗೆಂದ ಕೂಡಲೇ ಕೇಳುವವರ ಕಣ್ಣ ಮುಂದೆ ಒಂದು ಬಂದೂಕು ಬಂದು ನಿಲ್ಲುತ್ತದೆ. ಸಾಲೆಯಲ್ಲಿದ್ದಾಗ ನಾನು ಆ ಬಂದೂಕನ್ನು ತೆಗೆಯಲು ಹೋಗುತ್ತಿರಲಿಲ್ಲ, ಗೆಳತಿಯರು ನೋಡಿಕೊಳ್ಳಲಿ ಎಂದು ಬಿಟ್ಟುಬಿಡುತ್ತಿದ್ದೆ. ನಿಜವಾಗಿ ಅಬ್ಬಾ ಹಿಡಿದದ್ದು ಸೌಟು. ಉತ್ತರದ ಕಡೆಯ ಯಾವುದೋ ಚಳಿ ಊರಿನಲ್ಲಿ ದೊಡ್ಡ ಸಾಹೇಬರ ಮೆಸ್ಸಿಗೆ ಅವರು ಅಡುಗೆಯವರು. ಪಿಂಚಣಿ ಬಂದು ರಾಣೇಬೆನ್ನೂರಿಗೆ ಮರಳಿದ ಮೇಲೂ ಮೆಸ್ಸು ಅವರ ಮೈಯಿಂದ ಇಳಿಯಲಿಲ್ಲ. ನಾವು ನೆಲದ ಮೇಲೆ ದಸ್ತರಖಾನ ಹಾಸಿ ಸುತ್ತಲೂ ಕುಳಿತು ಉಣ್ಣುವವರು. ಅಬ್ಬಾ ಆ ಬಟ್ಟೆಯ ಅಂಚನ್ನು ಗೋಡೆಗೆ ಸರಿಯಾಗಿ ಹೊಂದಿಸಿ ಎಳೆಯುತ್ತಿದ್ದರು. ಊಟಕ್ಕೆ ಮೊದಲು ಸಾರನ್ನು ಬಟ್ಟಲಿಗೆ ಹಾಕಿ ಕುಡಿಯಬೇಕು ಎಂಬುದು ಅವರ ಇನ್ನೊಂದು ಹಟ. "ಸಾರು ಮೊದಲ ಕುಡದ್ರ ಅನ್ನಕ್ಕ ಏನ್ ಹಚ್ಚಿಕೊಳ್ಳೂದು?" ಎಂದು ಅಮ್ಮಿ ಕೇಳಿದರೆ ಅವರು ಬಟ್ಟೆಯ ಅಂಚನ್ನು ಮತ್ತೊಮ್ಮೆ ಎಳೆಯುತ್ತಿದ್ದರು.

ಅಬ್ಬಾನ ಕಥೆಗಳಲ್ಲೆಲ್ಲ ದೊಡ್ಡ ಕಥೆ ಸೂಪಿನದು. ಹಸಿರು ಬಟಾಣಿ ಬೇಳೆ, ಉಳ್ಳಾಗಡ್ಡಿ, ಗಜ್ಜರಿ, ಒಂದೆರಡು ಪಲಾವಿನ ಎಲೆ. ಅದರೊಳಗೆ ಹ್ಯಾಮಿನ ದೊಡ್ಡ ತುಂಡು, ಎಲುಬು ಸಮೇತ. ಹ್ಯಾಮ್ ಎಂದರೆ ಹದಮಾಡಿ ಹೊಗೆಗೆ ಇಟ್ಟ ಹಂದಿಯ ತೊಡೆ. ಸಣ್ಣ ಉರಿಯ ಮೇಲೆ ಮಧ್ಯಾಹ್ನವೆಲ್ಲ ಕುದಿದು ಬೇಳೆ ತಾನಾಗಿಯೇ ಕರಗಿ, ಚಮಚ ನೆಟ್ಟರೆ ಬೀಳದಷ್ಟು ಗಟ್ಟಿಯಾಗಬೇಕು. ಚಳಿಯಲ್ಲಿ ನಡುಗುತ್ತ ಬಂದ ಸಾಹೇಬರು ಅದನ್ನು ಕುಡಿದರೆ ಕೋಟು ಬಿಚ್ಚುತ್ತಿದ್ದರಂತೆ.

"ಅಬ್ಬಾ, ಹ್ಯಾಂಗಿರತಿತ್ತು ಅದು?" ಎಂದು ನಾನು ಕೇಳುತ್ತಿದ್ದೆ.

"ನನಗ ಏನ್ ಗೊತ್ತು? ನಾ ಎಂದೂ ಬಾಯಿಗೆ ಹಚ್ಚಿಲ್ಲ. ಕೈ ಸರಕಾರದ್ದು, ಬಾಯಿ ನಂದು."

ಇದು ನನಗೆ ಬಗೆಹರಿಯದ ಒಗಟಾಗಿತ್ತು. ಅಷ್ಟು ವರ್ಷ ಒಂದೇ ಅಡುಗೆಯನ್ನು ಮಾಡಿದವರು ಅದನ್ನು ಒಮ್ಮೆಯೂ ರುಚಿ ನೋಡಿಲ್ಲ! ಹ್ಯಾಮನ್ನು ಇಕ್ಕಳದಿಂದ ಹಿಡಿದು ಹಾಕುವುದು, ಇಕ್ಕಳದಿಂದ ತೆಗೆಯುವುದು, ಕೆಲಸ ಮುಗಿದ ಮೇಲೆ ಚಳಿಯಿರಲಿ ಮಳೆಯಿರಲಿ ಮೈತೊಳೆದುಕೊಳ್ಳುವುದು. ಮತ್ತೆ ಸೂಪು ಸರಿಯಾಗಿದೆ ಎಂದು ತಿಳಿಯುವುದು ಹೇಗೆ? ಅಬ್ಬಾನ ಲೆಕ್ಕ ಕಿವಿಯದು. ಊಟದ ಕೋಣೆಯ ಪರದೆಯ ಹಿಂದೆ ನಿಂತುಕೊಳ್ಳುವರಂತೆ. ಮೊದಲು ಮಾತು ನಿಲ್ಲಬೇಕು. ಆಮೇಲೆ ಚಮಚ ಬಟ್ಟಲಿನ ತಳ ಕೆರೆಯುವ ಸದ್ದು ಬರಬೇಕು. ಬಂದರೆ ಸೂಪು ಚೆನ್ನಾಗಿದೆ. "ನನ್ನ ಸೂಪು ಒಂದ ದಿನ ಬಟ್ಟಲದಾಗ ಉಳದು ವಾಪಸ್ ಬಂದಿಲ್ಲ" ಎನ್ನುವಾಗ ಅವರ ಬೆನ್ನು ನೆಟ್ಟಗಾಗುತ್ತಿತ್ತು. ಬೇರೆಯವರು ಪದಕ ತೋರಿಸುತ್ತಾರೆ, ನಮ್ಮ ಮನೆಯಲ್ಲಿ ತೋರಿಸಲಿಕ್ಕೆ ಇದ್ದದ್ದು ಈ ಒಂದು ಮಾತು.

ಈ ಮಾತಿಗೆ ಪೆಟ್ಟು ಬಿದ್ದದ್ದು ಬ್ಯಾಡಗಿಯಲ್ಲಿ. ಅದು ಅಮ್ಮಿಯ ತವರು. ಊರಿಗೆ ಕಾಲಿಟ್ಟರೆ ಮೊದಲು ಮೂಗಿಗೆ ತಿಳಿಯುತ್ತದೆ, ಬಸ್ಸಿನಿಂದ ಇಳಿದವರು ಒಂದು ಸೀನು ಸೀನಿಯೇ ಮುಂದೆ ಹೋಗಬೇಕು. ಅಮ್ಮಿಯ ತಮ್ಮ ಖಾದರ್ ಮಾಮು ಅಲ್ಲಿ ಮೆಣಸಿನಕಾಯಿ ವ್ಯಾಪಾರ ಮಾಡುತ್ತಿದ್ದ. ಒಂದು ಕಾಯಿ ಮುರಿದು ಮೂಸಿ, ನಾಲಿಗೆಗೆ ಹಚ್ಚಿ, ಇದು ಕಪ್ಪು ಮಣ್ಣಿನದೋ ಕೆಂಪು ಮಣ್ಣಿನದೋ ಹೇಳಿಬಿಡುತ್ತಿದ್ದ. ಬ್ಯಾಡಗಿ ಕಾಯಿ ಬಣ್ಣ ಹೆಚ್ಚು, ಖಾರ ಕಡಿಮೆ. ಮಾಮುನ ಬಾಯಿ ಅದಕ್ಕೆ ತದ್ವಿರುದ್ಧ. ಅವನ ಮಗಳ ನಿಶ್ಚಿತಾರ್ಥಕ್ಕೆ ಹೋದಾಗ, ಊಟವಾದ ಮೇಲೆ ಅಬ್ಬಾ ಬೀಗರ ಮುಂದೆ ಸೂಪಿನ ಕಥೆ ತೆಗೆದರು. ಪರದೆ, ಚಮಚದ ಸದ್ದು, ಎಲ್ಲ ಬಂತು. ನಮ್ಮ ಬ್ಯಾಡಗಿ ಬಂಧುಗಳು ಮಾತನ್ನು ಉರ್ದುವಿನಲ್ಲಿ ಶುರು ಮಾಡಿ ಕನ್ನಡದಲ್ಲಿ ಮುಗಿಸುವವರು. ಅಕ್ಕನ ಗಂಡನಿಗೆ ಅನ್ನುವ ದುಲ್ಹೇಭಾಯಿ ಒಂದನ್ನು ಬಿಟ್ಟು ಮಾಮು ಆ ದಿನ ಕನ್ನಡದಲ್ಲಿಯೇ ಶುರು ಮಾಡಿದ, ಬೀಗರಿಗೂ ಆಳುಗಳಿಗೂ ಎಲ್ಲರಿಗೂ ತಿಳಿಯಲಿ ಎಂದು.

"ದುಲ್ಹೇಭಾಯಿ, ನೀವು ಅದನ್ನ ಒಂದ ಸಲನೂ ಬಾಯಾಗ ಹಾಕ್ಕೊಂಡಿಲ್ಲ. ಮತ್ತ ಚೊಲೋ ಇತ್ತಂತ ಹ್ಯಾಂಗ ಹೇಳ್ತೀರಿ? ಮಿಲಿಟರಿ ಮಂದಿ. ಹೊಟ್ಟಿ ಹಸದಿರತೈತಿ, ಮ್ಯಾಲೆ ಥಂಡಿ. ಬಿಸಿ ಇತ್ತು, ಕುಡದ್ರು. ಬಿಸಿ ನೀರು ಕೊಟ್ಟಿದ್ರೂ ತಳಾ ಕೆರೀತಿದ್ರು."

ಎಲ್ಲರೂ ನಕ್ಕರು. ನಾನೂ ನಕ್ಕೆ, ಆಮೇಲೆ ಅಬ್ಬಾನ ಮುಖ ನೋಡಿ ನಿಲ್ಲಿಸಿದೆ. ಅವರು ನಗಲಿಲ್ಲ, ಸಿಟ್ಟಾಗಲೂ ಇಲ್ಲ. ಬಸ್ಸಿನಲ್ಲಿ ರಾಣೇಬೆನ್ನೂರು ಬರುವವರೆಗೆ ಕಿಟಕಿಯ ಹೊರಗೆ ನೋಡುತ್ತ ಕುಳಿತಿದ್ದರು. ಒಬ್ಬ ಮನುಷ್ಯ ತನ್ನ ಪ್ರಾಯವನ್ನೆಲ್ಲ ಒಂದು ಕೆಲಸಕ್ಕೆ ಹಾಕಿ, ಅದು ಒಳ್ಳೆಯದಿತ್ತೋ ಇಲ್ಲವೋ ಎಂದು ಮುದುಕನಾದ ಮೇಲೆ ಅನುಮಾನ ಪಡುವುದು ಸಣ್ಣ ಸಂಕಟವಲ್ಲ. ಆಗ ನಾನು ಬಿ.ಎ. ಮುಗಿಸಿ ಮನೆಯಲ್ಲಿ ಕುಳಿತಿದ್ದೆ. ಎಂಬತ್ತರ ದಶಕ ಮುಗಿಯುತ್ತ ಬಂದಿತ್ತು. ಜಗತ್ತಿನ ಎಲ್ಲವನ್ನೂ ಓದಿ ತಿಳಿಯಬಹುದು ಎಂದುಕೊಂಡಿದ್ದವಳಿಗೆ ಈ ಸೂಪಿನ ರುಚಿಯನ್ನು ಎಲ್ಲಿ ಓದಬೇಕೋ ತಿಳಿಯಲಿಲ್ಲ.

ಮರುದಿನ ಬೆಳಿಗ್ಗೆ ಅಬ್ಬಾ ಅಡುಗೆಮನೆಯ ಬಾಗಿಲಲ್ಲಿ ನಿಂತು ಅಮ್ಮಿಗೆ ಹೇಳಿದರು: ಆ ಸೂಪನ್ನು ಮನೆಯಲ್ಲಿ ಮಾಡುತ್ತೇನೆ. ಅಮ್ಮಿ ಕೈಯಲ್ಲಿದ್ದ ಲಟ್ಟಣಿಗೆಯನ್ನು ಹಾಗೆಯೇ ಎತ್ತಿದಳು.

"ತೌಬಾ! ಆ ಹರಾಮ್ ಚೀಜು ನನ್ನ ಮನ್ಯಾಗ?"

"ಕೇಳು ಪೂರಾ. ಅದರ ಜಾಗಾದಾಗ ನಮ್ಮ ಬಕ್ರೀದಿನ ಒಣ ಮಾಂಸ ಹಾಕ್ತೀನಿ."

ಬಕ್ರೀದಿನಲ್ಲಿ ಹಂಚಿ, ಉಂಡು, ಉಳಿದ ಮಾಂಸವನ್ನು ಉದ್ದುದ್ದ ಸೀಳಿ, ಬರೀ ಅರಿಸಿನ ಹಚ್ಚಿ, ಹಗ್ಗಕ್ಕೆ ಪೋಣಿಸಿ ಮಾಳಿಗೆಯ ಮೇಲೆ ಒಣಗಿಸುವುದು ನಮ್ಮಲ್ಲಿ ವಾಡಿಕೆ. ಕಾಗೆ ಕಾಯಲು ಒಬ್ಬರು ಕೂಡಬೇಕು. ಒಣಗಿದ ಮೇಲೆ ಅದು ಡಬ್ಬಿಯಲ್ಲಿ ತಿಂಗಳುಗಟ್ಟಲೆ ಇರುತ್ತದೆ. ಮಳೆಗಾಲದಲ್ಲಿ ನೆನೆಸಿ ಸಾರು ಮಾಡಿದರೆ ನೆರೆಮನೆಯವರು ಏನೋ ಕೇಳುವ ನೆಪದಲ್ಲಿ ಬರುತ್ತಾರೆ. ಅಂಥ ಪದಾರ್ಥವನ್ನು ಸಾಹೇಬರ ಗಂಜಿಗೆ ಹಾಕುವುದು ಅಮ್ಮಿಗೆ ಹೊಟ್ಟೆ ಉರಿಯುವ ಸಂಗತಿಯೇ. ಆದರೂ ಹೂಂ ಅಂದಳು. ಬಸ್ಸಿನಲ್ಲಿ ಅವಳೂ ಅಬ್ಬಾನ ಪಕ್ಕದಲ್ಲಿಯೇ ಕುಳಿತಿದ್ದಳಲ್ಲ.

ಅಬ್ಬಾ ಒಂದು ಕರಾರು ಹಾಕಿಕೊಂಡರು. ಸೂಪು ಸರಿಯಾಗಿದೆ ಎಂದು ನಿಂಗಪ್ಪ ಒಪ್ಪುವವರೆಗೆ ತಾವು ಬಾಯಿಗೆ ಹಚ್ಚುವುದಿಲ್ಲ. "ಮೊದಲ ನಾ ರುಚಿ ನೋಡಿ ನನ್ನ ನಾಲಿಗಿಗೆ ತಕ್ಕಂಗ ತಿದ್ದಿದ್ರ ಅದು ನಮ್ಮ ಮನಿ ಸಾರು ಆಕ್ಕೈತಿ. ಮೆಸ್ಸಿನ್ಯಾಗ ಹ್ಯಾಂಗ ಮಾಡತಿದ್ದೆ, ಹಂಗ ಮಾಡಬೇಕು."

ಹಲಗೇರಿಯ ನಿಂಗಪ್ಪ ಕಾಕಾ ಅದೇ ಮೆಸ್ಸಿನಲ್ಲಿ ವೇಟರ್ ಆಗಿದ್ದವರು. ಅಬ್ಬಾ ಅಡುಗೆಮನೆಯಿಂದ ಕೊಟ್ಟ ಬೋಗುಣಿಯನ್ನು ಊಟದ ಕೋಣೆಗೆ ಒಯ್ದು ಸಾಹೇಬರಿಗೆ ಬಡಿಸುವುದು ಅವರ ಕೆಲಸ. ಇಬ್ಬರೂ ಒಂದೇ ತಾಲ್ಲೂಕಿನವರು, ಆ ದೂರದ ಊರಿನಲ್ಲಿ ಕನ್ನಡದಲ್ಲಿ ಬೈದಾಡಿಕೊಳ್ಳಲು ಇನ್ನಾರೂ ಇರಲಿಲ್ಲ. ಈಗ ಕಾಕಾ ಹಲಗೇರಿಯಲ್ಲಿ ಹೊಲ ನೋಡಿಕೊಂಡಿದ್ದರು. ಪೇಟೆಗೆ ಬಂದಾಗಲೆಲ್ಲ ಬದನೆಕಾಯಿ ಚೀಲ ಹೊತ್ತು ನಮ್ಮ ಮನೆಗೆ ಬರುತ್ತಿದ್ದರು. ಅವರು ಬಂದ ಗಳಿಗೆಗೆ ನಮ್ಮ ಮನೆ ಉರ್ದುವಿನಿಂದ ಕನ್ನಡಕ್ಕೆ ಹೊರಳುತ್ತಿತ್ತು. ಮೆಸ್ಸಿನಲ್ಲಿದ್ದಾಗ ಸಾಹೇಬರು ಉಂಡು ಎದ್ದ ಮೇಲೆ ಬೋಗುಣಿಯ ತಳದಲ್ಲಿ ಉಳಿದ ಸೂಪನ್ನು ಕಾಕಾ ಕುಡಿಯುತ್ತಿದ್ದರು. ಕುರಿ ಕೋಳಿ ತಿನ್ನುವ ಮನೆತನವೇ, ಆದರೆ ಹಂದಿ ಎಂದರೆ ಆ ಮನೆಯಲ್ಲೂ ನಡೆಯದು. "ನಮ್ಮಾಕಿಗೆ ಗೊತ್ತಾದ್ರ ನನ್ನ ತಾಟು ದನದ ಕೊಟಗಿಗೆ ಹೋಕ್ಕೈತಿ, ಜುಬೇದವ್ವಾ. ಎಲ್ಲೂ ಬಾಯಿ ಬಿಡಬ್ಯಾಡ" ಎಂದು ನನ್ನಿಂದ ಮಾತು ತೆಗೆದುಕೊಂಡಿದ್ದರು. ಈಗ ಅವರ ಹೆಂಡತಿ ಇಲ್ಲ, ಕಾಕಾನೂ ಇಲ್ಲ. ಹೇಳಬಹುದು ಎಂದುಕೊಂಡಿದ್ದೇನೆ.

ಹೀಗೆ ಒಂದು ಸೂಪಿಗೆ ಇಬ್ಬರು ವಾರಸುದಾರರು. ಮಾಡುವುದು ಹೇಗೆಂದು ಒಬ್ಬರಿಗೆ ಗೊತ್ತು, ಹೇಗಿತ್ತೆಂದು ಇನ್ನೊಬ್ಬರಿಗೆ ಗೊತ್ತು. ಕಾಕಾ ಸಂತೋಷಪಡುತ್ತಾರೆ ಎಂದುಕೊಂಡಿದ್ದೆವು. ಅವರು ತಲೆ ಕೆರೆದುಕೊಂಡರು.

"ಯಾಕ ಬೇಕು ಉಸ್ತಾದ? ಹಳೇದ್ದು ಹಳೇದಾತು. ಬಿರಿಯಾನಿ ಮಾಡು, ಉಣ್ಣೂಣು."

"ಬಿರಿಯಾನಿ ಚೊಲೋ ಆಕ್ಕೈತಂತ ನನಗ ಗೊತ್ತೈತಿ. ಇದು ಗೊತ್ತಾಗಬೇಕು."

ಮೊದಲು ಬೇಳೆ. ರಾಣೇಬೆನ್ನೂರಿನ ಕಿರಾಣಿ ಅಂಗಡಿಗಳಲ್ಲಿ ಉಸಳಿಗೆ ಹಾಕುವ ಬಿಳಿ ಬಟಾಣಿ ಇತ್ತು, ಹಸಿರು ಬೇಳೆ ಇರಲಿಲ್ಲ. ನಮ್ಮ ಊರು ಬೀಜದ ವ್ಯಾಪಾರಕ್ಕೆ ಹೆಸರಾದದ್ದು, ಅಬ್ಬಾ ಒಂದು ಬೀಜದ ಅಂಗಡಿಗೆ ಹೋಗಿ ಹಸಿರು ಬಟಾಣಿ ಕೊಡಿ ಎಂದರು. ಅಂಗಡಿಯವರು ಎಷ್ಟು ಎಕರೆಗೆ ಎಂದು ಕೇಳಿದರು. ನಾಲ್ಕು ಮಂದಿಗೆ ಎಂದರು ಅಬ್ಬಾ. "ಸಾಬ್ರ, ಇದಕ್ಕ ಔಷಧ ಹಚ್ಚೈತ್ರಿ! ಬಿತ್ತಾಕ ಇದು, ತಿನ್ನಾಕಲ್ಲ" ಎಂದು ಅವರು ಚೀಲವನ್ನು ಕೈಯಿಂದ ಕಸಿದುಕೊಂಡರಂತೆ. ಕಡೆಗೆ ಎಲ್ಲಿಂದಲೋ ಒಣಗಿದ ಹಸಿರು ಬಟಾಣಿ, ಇಡೀ ಕಾಳು, ಸಿಕ್ಕಿತು. ಅಮ್ಮಿ ಅದನ್ನು ನೆನೆಹಾಕಿ, ಮಾಳಿಗೆಯ ಮೇಲೆ ಒಣಗಿಸಿ, ಬೀಸುವ ಕಲ್ಲಿನಲ್ಲಿ ಹಗುರವಾಗಿ ಒಡೆದು, ಮೊರದಲ್ಲಿ ಕೇರಿ ಸಿಪ್ಪೆ ಹಾರಿಸಿದಳು. ಸಾಹೇಬರನ್ನು ಬೈಯುತ್ತಲೇ ಇದ್ದಳು, ಆದರೆ ಬೇಳೆ ಮಾತ್ರ ಒಂದೊಂದೂ ಎರಡೇ ಹೋಳಾಗಿ ಬಿದ್ದಿತ್ತು.

ಮೊದಲ ಭಾನುವಾರ ಸೂಪು ತಯಾರಾಯಿತು. ಹಸಿರೂ ಅಲ್ಲದ ಕಂದೂ ಅಲ್ಲದ ಬಣ್ಣ. ಅಬ್ಬಾ ಬಟ್ಟಲನ್ನು ಕಾಕಾನ ಮುಂದೆ ಇಟ್ಟು, ತಾವು ಎದ್ದು ಹೋಗಿ ಬಾಗಿಲ ಪರದೆಯ ಹಿಂದೆ ನಿಂತರು. ನಮ್ಮ ಮನೆಯ ಪರದೆ ಮೊಣಕಾಲಿನ ತನಕ ಇತ್ತು, ಅವರ ಕಾಲು ಕಾಣುತ್ತಿದ್ದವು. ಕಾಕಾ ಒಂದು ಚಮಚ ಕುಡಿದರು, ಕಣ್ಣು ಮುಚ್ಚಿದರು, ತೆರೆದು ಜಂತಿಯ ಕಡೆ ನೋಡಿದರು.

"ಚೊಲೋ ಐತಿ ಉಸ್ತಾದ. ಆದ್ರ ಅದಲ್ಲ."

"ಏನ್ ಕಮ್ಮಿ ಐತಿ?"

ಕಾಕಾ ಇನ್ನಷ್ಟು ಹೊತ್ತು ಜಂತಿ ನೋಡಿದರು. "ಹೊಗಿ. ಹೊಗಿ ವಾಸನಿ ಇಲ್ಲ ನೋಡು."

ಹೊಗೆಗೆ ನಮ್ಮಲ್ಲಿ ಬಚ್ಚಲಮನೆಯ ಹಂಡೆಯ ಒಲೆ ಇತ್ತು. ಅಬ್ಬಾ ಒಣ ಮಾಂಸದ ಸರವನ್ನು ಅದರ ಮೇಲೆ ಕಟ್ಟಿ, ಹಸಿ ಹುಣಸೆ ಕಟ್ಟಿಗೆ ಹಾಕಿ ಹೊಗೆ ಎಬ್ಬಿಸಿದರು. ಉರಿ ಆರುವಂತೆ ಕಂಡಾಗ ಮೂಲೆಯ ಚೀಲದಿಂದ ಒಂದು ಬೊಗಸೆ ಕಡ್ಡಿ ತೆಗೆದು ಒಟ್ಟಿದರು. ಚೀಲ ಬ್ಯಾಡಗಿಯಿಂದ ಬಂದದ್ದು, ಆ ಕಡ್ಡಿ ಎಂದರೆ ಮೆಣಸಿನಕಾಯಿಯ ತೊಟ್ಟು. ಅಲ್ಲಿ ಹೆಂಗಸರು ತೊಟ್ಟು ಬಿಡಿಸಿ ಹಾಕಿದ್ದನ್ನು ಅಮ್ಮಿ ಯಾಕೋ ತುಂಬಿಸಿ ತಂದಿದ್ದಳು. ತವರಿನಿಂದ ಬರಿಗೈಯಲ್ಲಿ ಬರಬಾರದಲ್ಲ. ಮೊದಲು ಅಬ್ಬಾ ಸೀನಿದರು, ಆಮೇಲೆ ನಾನು, ಆಮೇಲೆ ಇಡೀ ಓಣಿ. ಎದುರುಮನೆಯ ಗಂಗವ್ವ ಸೆರಗಿನಿಂದ ಮೂಗು ಮುಚ್ಚಿಕೊಂಡು ಬಂದಳು. ಮಕ್ಕಳಿಗೆ ದೃಷ್ಟಿಯಾದರೆ ಮೆಣಸಿನಕಾಯಿ ಇಳಿದೆಗೆದು ಒಲೆಗೆ ಹಾಕುವವಳು ಅವಳು.

"ಏನ್ರಿ ಬೀಬಿ, ಇಷ್ಟೊಂದು ಮೆಣಸಿನಕಾಯಿ ಸುಟ್ಟೀರಿ! ಯಾರಿಗೆ ಆಗೈತ್ರಿ ಇಷ್ಟ ದೊಡ್ಡ ದೃಷ್ಟಿ?"

"ನಮ್ಮ ಸೂಪಿಗೆ" ಎಂದಳು ಅಮ್ಮಿ.

ಮುಂದಿನ ಸಲ ಶುದ್ಧ ಹುಣಸೆ ಹೊಗೆ. ಕಾಕಾ ಕುಡಿದರು. ಹೊಗೆ ಬಂದಿದೆ, ಆದರೆ ಅಲ್ಲಿ ಒಂದೀಟು ಸಿಹಿ ಇತ್ತು ಎಂದರು. ಗಜ್ಜರಿ ಹೆಚ್ಚಾಯಿತು, ಉಳ್ಳಾಗಡ್ಡಿ ಹುರಿದು ಹಾಕಿದ್ದಾಯಿತು. ಅದರ ಮುಂದಿನ ಸಲ ಸಿಹಿ ಬಂದಿದೆ, ಆದರೆ ಆ ಊರಿನ ನೀರು ಬೇರೆ ಎಂದರು. ಅಬ್ಬಾ ಇದನ್ನೂ ಬಿಡಲಿಲ್ಲ. ನಮ್ಮ ಬೋರಿನ ಗಡಸು ನೀರಿಗೆ ಬೇಳೆ ಕರಗುವುದಿಲ್ಲ ಎಂಬ ಗುಮಾನಿ ಅವರಿಗೂ ಇತ್ತು. ಬಸ್ಸಿನಲ್ಲಿ ಮೇಡ್ಲೇರಿಗೆ ಹೋಗಿ ತುಂಗಭದ್ರೆಯ ನೀರನ್ನು ಕ್ಯಾನಿನಲ್ಲಿ ತುಂಬಿಕೊಂಡು ಬಂದರು. "ಹಜ್‌ಗೆ ಹೋಗಿ ಜಮ್‌ಜಮ್ ತಂದೋರ ಗತೆ ಬರಾಕತ್ತಾರ ನೋಡು ನಿಮ್ಮಪ್ಪ" ಎಂದು ಅಮ್ಮಿ ಕಿಟಕಿಯಿಂದ ತೋರಿಸಿದಳು. ಆ ನೀರಿಗೆ ಬೇಳೆ ಬೆಣ್ಣೆಯ ಹಾಗೆ ಕರಗಿತು. ಕಾಕಾ ಕುಡಿದು, ಚಮಚ ಕೆಳಗಿಟ್ಟು, "ಬಾಳ ಹತ್ರ ಬಂದೀದಿ ಉಸ್ತಾದ. ಇನ್ನ ಸಾಕು" ಎಂದರು. ಸಾಕು ಎಂದರೆ ಅಬ್ಬಾ ಕೇಳುವವರೇ?

ಕಾಕಾ ತಿರಸ್ಕರಿಸಿದ ಸೂಪುಗಳನ್ನೆಲ್ಲ ಅಮ್ಮಿ ಮತ್ತು ನಾನು ಮುಗಿಸುತ್ತಿದ್ದೆವು. ಜೋಳದ ರೊಟ್ಟಿ ಮುರಿದು ಅದರಲ್ಲಿ ಅದ್ದಿ, ಮೇಲೆ ಅಮ್ಮಿಯ ಕೆಂಪು ಖಾರದ ಚಟ್ನಿ ಹಚ್ಚಿಕೊಂಡರೆ ಸರಾಗವಾಗಿ ಇಳಿಯುತ್ತಿತ್ತು. ಚಟ್ನಿ ಇಲ್ಲದೆ ಅದನ್ನು ತಿನ್ನಬಹುದು ಎಂದು ನಮಗೆ ಹೊಳೆಯಲೇ ಇಲ್ಲ. ಬ್ಯಾಡಗಿಯ ಮಗಳು ಚಟ್ನಿ ಇಲ್ಲದೆ ಏನನ್ನೂ ತಿನ್ನುವುದಿಲ್ಲ, ಅವಳ ಮಗಳೂ ಅಷ್ಟೇ. ಹೀಗಾಗಿ ಸೂಪು ಹೇಗಿದೆ ಎಂದು ನಮ್ಮನ್ನು ಕೇಳಿದರೆ ನಾವು ಹೇಳುತ್ತಿದ್ದುದು ಚಟ್ನಿಯ ವಿಚಾರ.

ನನ್ನ ಕುತೂಹಲ ಮಾತ್ರ ವಾರದಿಂದ ವಾರಕ್ಕೆ ಬೆಳೆಯುತ್ತಿತ್ತು. ಅಮ್ಮಿ ರಮಜಾನಿನ ತಿಂಗಳು ಪೂರ್ತಿ ಉಪವಾಸವಿದ್ದು, ರುಚಿ ನೋಡದೆ, ಮೂಗನ್ನೇ ನಂಬಿ ಅಡುಗೆ ಮಾಡುತ್ತಾಳೆ. ಅದು ಕೆಡುವುದಿಲ್ಲ. ಆದರೆ ಅವಳಿಗೆ ಉಳಿದ ತಿಂಗಳುಗಳ ನೆನಪು ಇದೆ. ಅಬ್ಬಾನಿಗೆ ಯಾವ ನೆನಪೂ ಇಲ್ಲ. ಹುಟ್ಟಿದಾಗಿನಿಂದ ಕಾಣದ ಊರಿಗೆ ಬೇರೆಯವರ ಮಾತಿನ ಮೇಲೆ ದಾರಿ ಹಿಡಿದು ಹೊರಟಿದ್ದರು. ಅದಿರಲಿ, ದಾರಿ ಹೇಳುತ್ತಿದ್ದ ಕಾಕಾ ಪ್ರತಿ ಸಲವೂ ಮೊದಲು ಬಟ್ಟಲು ನೋಡಿ, ಆಮೇಲೆ ಅಬ್ಬಾನನ್ನು ನೋಡಿ, ಕಡೆಗೆ ಜಂತಿ ನೋಡುವುದೇಕೆ? ನಮ್ಮ ಮನೆಯ ಜಂತಿಯಲ್ಲಿ ಎರಡು ಗುಬ್ಬಿ ಗೂಡು ಬಿಟ್ಟರೆ ಏನೂ ಇರಲಿಲ್ಲ.

ಹೀಗಿರುವಾಗ ಒಂದು ಭಾನುವಾರ ಮಧ್ಯಾಹ್ನ, ಸೂಪು ಒಲೆಯ ಮೇಲಿದ್ದಾಗಲೇ, ಖಾದರ್ ಮಾಮು ಬಂದ. ರಾಣೇಬೆನ್ನೂರಿನಲ್ಲಿ ಏನೋ ಕೆಲಸವಿತ್ತಂತೆ. ಅಮ್ಮಿಯ ಮುಖ ಒಂದು ಕಡೆ ಅರಳಿತು, ಒಂದು ಕಡೆ ಬಾಡಿತು. ಅಬ್ಬಾ "ಆವೋ ಖಾದರ್, ಕುಂದ್ರು" ಎಂದರು, ಬಟ್ಟೆಯ ಅಂಚು ಎಳೆದರು. ಮಾಮುವಿಗೆ ಸೂಪಿನ ಸುದ್ದಿ ಬ್ಯಾಡಗಿಯವರೆಗೂ ಮುಟ್ಟಿತ್ತೆಂದು ಕಾಣುತ್ತದೆ. ಗಿರಾಕಿ ಮಾಲು ನೋಡಲು ಕೂಡುವಂತೆ ಚಕ್ಕಳಮಕ್ಕಳ ಹಾಕಿ ಕುಳಿತ. ಆಚೆ ನಿಂಗಪ್ಪ ಕಾಕಾ, ಈಚೆ ಮಾಮು. ಆ ದಿನ ಮೇಡ್ಲೇರಿಯ ನೀರು, ಹುಣಸೆ ಹೊಗೆ, ಹುರಿದ ಉಳ್ಳಾಗಡ್ಡಿ, ಎಲ್ಲವೂ ಕೂಡಿ ಬಂದಿದ್ದವು. ಅಬ್ಬಾ ಇಬ್ಬರಿಗೂ ಬಟ್ಟಲು ಇಟ್ಟು, ಈ ಸಲ ಪರದೆಯ ಹಿಂದೆ ಹೋಗದೆ ಎದುರಿಗೇ ನಿಂತರು.

ಮಾಮು ರೊಟ್ಟಿ ಮುಟ್ಟಲಿಲ್ಲ, ಚಟ್ನಿಯ ಕಡೆ ನೋಡಲಿಲ್ಲ. ಮೆಣಸಿನಕಾಯಿ ಪರೀಕ್ಷೆ ಮಾಡುವವರ ಹಾಗೆ ಒಂದು ಚಮಚವನ್ನು ನಾಲಿಗೆಯ ಮೇಲೆ ಆಡಿಸಿ ನುಂಗಿದ.

"ದುಲ್ಹೇಭಾಯಿ, ಇದರಾಗ ಉಪ್ಪು ಎಲ್ಲೈತಿ?"

ಅಮ್ಮಿ ಗಡಬಡಿಸಿ ಬೆರಳದ್ದಿ ನೆಕ್ಕಿದಳು. ನಾನೂ ನೆಕ್ಕಿದೆ. ಖರೆ. ಉಪ್ಪೇ ಇರಲಿಲ್ಲ. ಇಷ್ಟು ದಿನ ನಮಗೆ ಉಪ್ಪು ಕೊಟ್ಟದ್ದು ಚಟ್ನಿ.

"ಇದಕ್ಕ ಉಪ್ಪು ಹಾಕೂದಿಲ್ಲ" ಎಂದರು ಅಬ್ಬಾ. "ಹ್ಯಾಮಿನೊಳಗ ಉಪ್ಪು ಇರತೈತಿ, ಮ್ಯಾಲೆ ಒಂದ ಹಳ್ಳೂ ಹಾಕಬಾರದು ಅಂತ ನನಗ ಕಲಿಸಿದ ದೊಡ್ಡ ಕುಕ್ಕು ಹೇಳಿದ್ರು. ನಾ ಅಲ್ಲೂ ಹಾಕ್ತಿರಲಿಲ್ಲ. ಇಲ್ಲೂ ಹಾಕಿಲ್ಲ. ನ್ಯಾಮ ಅಂದ್ರ ನ್ಯಾಮ."

"ಅಂದ್ರ ಅವರೂ ಹಿಂತಾದ್ದನ್ನ ಕುಡದ್ರು!" ಮಾಮು ತೊಡೆ ತಟ್ಟಿಕೊಂಡ. "ನಾ ಅವತ್ತ ಹೇಳಿದ್ದೆ. ಬಿಸಿ ಇತ್ತು, ಕುಡದ್ರು."

ಅಬ್ಬಾ ಅವನ ಕಡೆ ನೋಡಲಿಲ್ಲ. ನಿಂಗಪ್ಪ ಕಾಕಾನ ಕಡೆ ತಿರುಗಿದರು. ಅವರ ಧ್ವನಿ ಬಹಳ ಸಣ್ಣದಾಗಿತ್ತು.

"ನಿಂಗಪ್ಪ, ನೀ ಕುಡದೀದಿ. ನೀ ಹೇಳು. ಅಲ್ಲಿ ಹಿಂಗ ಇರತಿತ್ತನು?"

ಕಾಕಾ ಜಂತಿ ನೋಡಲು ತಲೆ ಎತ್ತಿದರು. ಅಬ್ಬಾ ಅವರ ಭುಜ ಹಿಡಿದರು.

"ಮ್ಯಾಲೆ ನೋಡಬ್ಯಾಡ. ನನ್ನ ನೋಡಿ ಹೇಳು."

"ಅಲ್ಲಿ ಉಪ್ಪು ಇತ್ತು, ಉಸ್ತಾದ."

"ನಾ ಹಾಕತಿರಲಿಲ್ಲ."

"ನಾ ಹಾಕತಿದ್ದೆ."

ಮಾಮುನ ಕೈ ತೊಡೆಯ ಮೇಲೆಯೇ ಉಳಿಯಿತು. ಕಾಕಾ ಟವೆಲ್ಲಿನಿಂದ ಮುಖ ಒರೆಸಿಕೊಂಡು ಹೇಳತೊಡಗಿದರು.

"ಹ್ಯಾಮಿನೊಳಗ ಉಪ್ಪು ಇರತೈತಿ, ಖರೇ ಮಾತು. ಆದ್ರ ನೀ ಅದನ್ನ ಹಿಂದಿನ ದಿನಾನ ನೀರಾಗ ನೆನಿಹಾಕಿ, ಮುಂಜಾನೆ ಆ ನೀರು ಚೆಲ್ಲತಿದ್ದಿ. ಉಪ್ಪೆಲ್ಲಾ ಅದರ ಕೂಡ ಹೋಕ್ಕಿತ್ತು. ಮೊದಲನೇ ದಿನ ನಿನ್ನ ಸೂಪು ಟೇಬಲ್ಲಿಗೆ ಒಯ್ದಾಗ ನೋಡಿದೆ. ಎಲ್ಲಾ ಸಾಹೇಬರ ಕೈನೂ ಉಪ್ಪಿನ ಡಬ್ಬಿ ಕಡೆ ಹೋದ್ವು. ಒಬ್ಬಾವ ಇನ್ನೊಬ್ಬನ ಮಾರಿ ನೋಡಿ ನಕ್ಕ. ನೀ ಪರದೆ ಹಿಂದ ನಿಂತಿದ್ದಿ. ನನಗ ತಡಕೊಳ್ಳಾಕ ಆಗಲಿಲ್ಲ. ಮರುದಿನದಿಂದ ಅಡಿಗಿ ಮನ್ಯಾಗಿಂದ ಹೊರಗ ಬಂದ ಕೂಡಲೇ, ಬಾಗಲಾ ದಾಟಿ, ನಾನ ಹಾಕಿ ಕಲಿಸಿ ಒಯ್ಯತಿದ್ದೆ. ಕಡೀತನಕಾ."

"ನನಗ ಯಾಕ ಹೇಳಲಿಲ್ಲ?"

"ಹೇಳಿದ್ರ ನೀ ಹೆಂಗ ಸುಮ್ಮನ ಇರತಿದ್ದಿ? ಸರಿ ಆತೋ ಇಲ್ಲೋ ಅಂತ ಒಂದ ಹನಿ ಆದ್ರೂ ನಾಲಿಗಿಗೆ ಹಚ್ಚತಿದ್ದಿ. ಸಾಹೇಬರ ಸೂಪಿನ ಸಲುವಾಗಿ ನಿನ್ನ ಬಾಯಿ ಯಾಕ ಕೆಡಸಬೇಕು? ನಾ ಹೆಂಗೂ ಅದನ್ನ ತಿಂದಿದ್ದೆ. ನನ್ನ ನಾಲಿಗಿ ಐತಲ್ಲ, ಸಾಕಿತ್ತು."

ನನ್ನ ಕಣ್ಣು ತುಂಬಿ ಬಂದವು. ಅಮ್ಮಿ ಸೆರಗಿನ ಅಂಚನ್ನು ಬಾಯಿಗೆ ಒತ್ತಿಕೊಂಡಳು. ಅಷ್ಟು ಭಾನುವಾರ ಕಾಕಾ ಹೊಗೆ ಎಂದದ್ದು, ಸಿಹಿ ಎಂದದ್ದು, ನೀರು ಎಂದದ್ದು, ಎಲ್ಲ ಈ ಒಂದು ಮಾತು ಬಾಯಿಂದ ಜಾರದಿರಲಿ ಎಂದು. ಸರಿಯಾಗಿದೆ ಎಂದು ಒಪ್ಪಿದ್ದರೆ ಅಬ್ಬಾ ರುಚಿ ನೋಡಿ ಉಪ್ಪಿಲ್ಲದ್ದನ್ನು ಕಂಡುಹಿಡಿಯುತ್ತಿದ್ದರು. ಪಾಪ, ಅಬ್ಬಾ ಮೇಡ್ಲೇರಿಯವರೆಗೆ ಹೋಗಿ ನೀರು ಹೊತ್ತು ತರುತ್ತಾರೆ ಎಂದು ಅವರಿಗೇನು ಗೊತ್ತು! ಅಬ್ಬಾನ ಮುಖದಲ್ಲಿ ಏನಿತ್ತೆಂದು ನನಗೆ ಇಂದಿಗೂ ಹೇಳಲು ಬರುವುದಿಲ್ಲ. ಅವರಿಗೆ ನೋವಾಗಿದೆ ಎಂದು ಹೆದರಿದೆ. ಆಗಿರಲೂಬೇಕು. ತಮ್ಮದೇ ಎಂದು ಹೇಳಿಕೊಂಡು ಬಂದ ಒಂದೇ ಮಾತು ಅರ್ಧಕ್ಕೆ ಅರ್ಧ ಬೇರೆಯವರದಾಗಿ ಹೋಗಿತ್ತು.

ಅಬ್ಬಾ ಅಡುಗೆಮನೆಗೆ ಹೋದರು. ಬರುವಾಗ ಕೈಯಲ್ಲಿ ಉಪ್ಪಿನ ಡಬ್ಬಿ ಇತ್ತು. ಕಾಕಾನ ಮುಂದೆ ಇಟ್ಟರು. ಬೋಗುಣಿಯನ್ನೂ ತಂದು ಇಟ್ಟರು.

"ಎಷ್ಟು ಹಾಕತಿದ್ದಿ?"

"ಅಳತಿ ಏನ್ ಗೊತ್ತು? ಕೈಗೆ ಬಂದಷ್ಟು."

"ಹಾಕು."

ಕಾಕಾ ಬೆರಳ ತುದಿಯಲ್ಲಿ ಉಪ್ಪು ತೆಗೆದು ಸುತ್ತಲೂ ಉದುರಿಸಿದರು, ಒಂದಿಷ್ಟು ತಡೆದು ಮತ್ತೊಂದಿಷ್ಟು ಉದುರಿಸಿ ಸೌಟಿನಿಂದ ತಿರುವಿದರು. ರೂಢಿಯಾದ ಕೈ ಎಂದು ನೋಡಿದರೇ ತಿಳಿಯುತ್ತಿತ್ತು. ತಾವು ಒಂದು ಚಮಚ ಕುಡಿದು, ಅಬ್ಬಾನ ಮುಖವನ್ನೇ ನೇರವಾಗಿ ನೋಡಿ, "ಇದ. ಇದ ಉಸ್ತಾದ" ಎಂದರು.

ಅಬ್ಬಾ ಒಂದು ಬಟ್ಟಲಿಗೆ ಹಾಕಿಕೊಂಡು, ಬಿಸ್ಮಿಲ್ಲಾ ಎಂದು ಮೊದಲ ಚಮಚ ಕುಡಿದರು. ಎರಡನೆಯದು ಕುಡಿದರು. ಆಮೇಲೆ ಅವರು ನಿಲ್ಲಿಸಲೇ ಇಲ್ಲ. ಚಮಚ ಬಟ್ಟಲಿನ ತಳ ಕೆರೆಯುವ ಸದ್ದು ಬಂದ ಮೇಲೆ ತಲೆ ಎತ್ತಿ, ಕಾಕಾನ ಭುಜದ ಮೇಲೆ ಕೈಯಿಟ್ಟು, ಮಾಮುನ ಕಡೆ ತಿರುಗಿದರು.

"ಖಾದರ್, ನಾವಿಬ್ರೂ ಚೊಲೋ ಅಡಿಗಿ ಮಾಡತಿದ್ವಿ."